ಹೆಸರಿಲ್ಲದ ಗುಂಡಿ

ತಪ್ಪಾಗಿ ಓದಿರಬೇಕು ಅಂದುಕೊಂಡೆ...

ಕಣ್ಣು ಕಾಣದ ನನಗೆ ಮೆಸೇಜುಗಳನ್ನು ಓದಿ ಹೇಳುವುದು ಫೋನು.
ಅದು ಕನ್ನಡವನ್ನು ತಪ್ಪಾಗಿ ಓದುವುದು ಹೊಸದೇನಲ್ಲ.
ಇವತ್ತು ಬೆಳಗ್ಗೆ ಮಹಾಂತೇಶನ ಹೆಂಡತಿ ಶೋಭಾ ಕಳಿಸಿದ ಎರಡು ಸಾಲನ್ನು
ಕರೆಂಟ್ ಬಿಲ್ ಓದುವ ಅದೇ ದನಿಯಲ್ಲಿ ಓದಿತು.
ಮತ್ತೆ ಓದಿಸಿದೆ... ಮತ್ತೆ...
ಒಂದಕ್ಷರವೂ ಬದಲಾಗಲಿಲ್ಲ.

ಮಹಾಂತೇಶ ಇಲ್ಲ.
ಬೆಳಗಿನ ಜಾವ, ನಿದ್ದೆಯಲ್ಲೇ, ಹಾರ್ಟ್ ಅಟ್ಯಾಕ್.
ನಲವತ್ತೂ ತುಂಬಿರಲಿಲ್ಲ...

ಫ್ರೆಂಡ್ಸ್, ನನ್ನ ಕುಚೇಷ್ಟೆಯ ಪೋಸ್ಟುಗಳಿಗೆ ನಗುವ ನಿಮಗೆ ಅವನ ಪರಿಚಯವಿಲ್ಲ.
ಹೇಳಿಬಿಡುತ್ತೇನೆ... ಹೇಳದೆ ಇರಲಾಗುತ್ತಿಲ್ಲ.

ಕೆಲವು ವರ್ಷಗಳ ಹಿಂದೆ, ಚಂದ್ರಾ ಲೇಔಟಿನ ಒಂದು ದರ್ಶಿನಿ.
ಲ್ಯಾಪ್‌ಟಾಪ್ ತೆರೆದು, ನಾನು ಪಾಠ ಮಾಡುವ ಕಾಲೇಜಿನ ಮಾರ್ಕ್ಸ್ ಹಾಕುವ ಸಾಫ್ಟ್‌ವೇರ್ ಜೊತೆ ಗುದ್ದಾಡುತ್ತಿದ್ದೆ.
ಪರದೆಯನ್ನು ಓದಿ ಹೇಳಬೇಕಾದ ಸ್ಕ್ರೀನ್ ರೀಡರ್ "ಬಟನ್... ಬಟನ್... ಬಟನ್" ಅನ್ನುತ್ತಿತ್ತು, ಅಷ್ಟೇ.
ಯಾವುದು ಸೇವ್, ಯಾವುದು ಡಿಲೀಟ್... ದೇವರಿಗೇ ಗೊತ್ತು.
ಪಕ್ಕದಿಂದ ಬಾಗಲಕೋಟೆ ಕಡೆಯ ದನಿಯೊಂದು ಕೇಳಿತು.
"ಏನ್ ಸರ, ಟೇಲರ್ ಅದೀರೇನ್ರಿ?"

ಅವನೇ ಮಹಾಂತೇಶ.
ರಾಜಾಜಿನಗರದ ಸಣ್ಣ ಕಂಪನಿಯೊಂದರಲ್ಲಿ ಟೆಸ್ಟಿಂಗ್ ಕೆಲಸ.
ಯಂತ್ರವೇ ಗುಂಡಿ ಒತ್ತಿ ಸಾಫ್ಟ್‌ವೇರನ್ನು ಪರೀಕ್ಷಿಸುವಂತೆ ಮಾಡುವುದು.
ಅದಕ್ಕೊಂದು ಲೈಬ್ರರಿ ಫೈಲು ಬೇಕಂತೆ... ಪರದೆಯ ಪ್ರತಿ ಗುಂಡಿಯ ಹೆಸರನ್ನೂ ಕೇಳಿದವರಿಗೆ ಹೇಳುವ ಫೈಲು.
"ಯಂತ್ರಕ್ಕೂ ಕಣ್ಣಿಲ್ಲ, ನಿಮಗೂ ಕಣ್ಣಿಲ್ಲ. ಇಬ್ಬರಿಗೂ ಒಂದ ಫೈಲ್ ಸಾಕ್ರಿ ಸರ" ಅಂದ.

ನಮ್ಮ ಕಾಲೇಜಿನ ಸಾಫ್ಟ್‌ವೇರಿಗೆಂದೇ ಅಂಥದ್ದೊಂದನ್ನು ಬರೆದುಕೊಟ್ಟ.
ಕೋಡ್ ಬರೆದವನು ಅವನು, ಕೋಡು ಬಂದದ್ದು ನನಗೆ.
ಆ ಫೈಲಿನ ಹೆಸರಿನ ಬಾಲ ಡಿಎಲ್‌ಎಲ್.
ಈ ಜನ್ಮದಲ್ಲಿ ನನಗೆ ಗಾಡಿ ಓಡಿಸಲು ಡಿಎಲ್ ಯಾರೂ ಕೊಡುವುದಿಲ್ಲ... ಅವನು ಡಿಎಲ್‌ಎಲ್ ಕೊಟ್ಟ.

ಹೆಸರೇ ಸಿಗದ ಕಡೆ ಫೈಲು ಸುಮ್ಮನಿರುತ್ತಿರಲಿಲ್ಲ. "ಹೆಸರಿಲ್ಲದ ಗುಂಡಿ" ಅನ್ನುತ್ತಿತ್ತು.
ಸುಮ್ಮನಿದ್ದರೆ ಅಲ್ಲೇನೂ ಇಲ್ಲ ಅಂದುಕೊಳ್ಳುತ್ತೀರಿ ಎನ್ನುವುದು ಅವನ ವಾದ.
ಬೆಂಗಳೂರಿನಲ್ಲಿ ಕಣ್ಣಿದ್ದವರಿಗೂ ಗುಂಡಿಗಳು ಹೇಳದೆ ಬರುತ್ತವೆ, ನನಗೆ ಮಾತ್ರ ಹೇಳಿ ಬರುತ್ತವೆ ಎಂದು ಸ್ಟಾಫ್ ರೂಮಿನಲ್ಲಿ ಕೊಚ್ಚಿಕೊಳ್ಳುತ್ತಿದ್ದೆ.

ಮಹಾಂತೇಶ...
ಕಳೆದ ವಾರ ಸಾಫ್ಟ್‌ವೇರ್ ಅಪ್‌ಡೇಟ್ ಆಗಿ ನಿನ್ನ ಫೈಲು ಅದಕ್ಕೆ ಹೊಂದದೆ ಹೋಯಿತಲ್ಲೋ.
ಗುಂಡಿಗಳೆಲ್ಲ ಹೆಸರು ಕಳೆದುಕೊಂಡವು.
"ರವಿವಾರ ಬರ್ರಿ ಸರ, ನೋಡೂಣು" ಅಂದಿದ್ದೆ ನೀನು.
ಇವತ್ತು ನಿನ್ನ ರವಿವಾರ, ನನ್ನ ಭಾನುವಾರ, ಎರಡೂ ಕಣೋ.
ಮೂಡಲಪಾಳ್ಯದ ನಿನ್ನ ಮನೆಗೆ ಬಂದೆ... ಹೆಗಲಿಗೆ ಲ್ಯಾಪ್‌ಟಾಪ್ ಬ್ಯಾಗ್ ಹಾಕಿಕೊಂಡೇ ಬಂದೆ.
ಯಾಕೆ ತಂದೆನೋ ಗೊತ್ತಿಲ್ಲ.

ಶೋಭಾ ನನ್ನ ಕೈ ಹಿಡಿದು ನಿನ್ನ ಎದೆಯ ಮೇಲಿಟ್ಟರು.
ಇಸ್ತ್ರಿ ಮಾಡಿದ ಅಂಗಿ.
ಬೆರಳು ಒಂದೊಂದೇ ಗುಂಡಿ ದಾಟಿ ಹೋಯಿತು... ಮೇಲಿನದು ಬಿಚ್ಚಿತ್ತು.
ಹಾಕಲು ಹೋದೆ.
"ಬ್ಯಾಡ್ರಿ ಸರ... ಕುತ್ತಿಗಿ ಬಿಗದ್ರ ಅವರಿಗೆ ಆಗ್ತಿರಲಿಲ್ಲ."
ಬಿಟ್ಟೆ.

ಗುಂಡಿಗಳೆಲ್ಲ ಸಿಕ್ಕವು.
ಗುಂಡಿಗೆ ಸಿಗಲಿಲ್ಲ...
ಇಂಥ ಶ್ಲೇಷಕ್ಕೆ "ಸಾಕ್ ಮಾಡ್ರಿ ಸರ" ಅನ್ನಲು ನೀನೂ ಇಲ್ಲ.

ಫ್ರೆಂಡ್ಸ್, ಆ ಫೈಲಿನ ಒಳಗೇನಿದೆ ಎಂದು ಗೊತ್ತಿದ್ದವನು ಅವನೊಬ್ಬನೇ.
ಇಂಥ ಕೆಲಸ ಬಲ್ಲವರಿದ್ದರೆ ದಯವಿಟ್ಟು ಇನ್‌ಬಾಕ್ಸಿಗೆ ಬನ್ನಿ... ಕೈ ಮುಗಿಯುತ್ತೇನೆ.
ಇಷ್ಟು ವರ್ಷ ಯಾರನ್ನೂ "ಸ್ವಲ್ಪ ಓದಿ ಹೇಳ್ತೀರಾ" ಎಂದು ಕೇಳಿರಲಿಲ್ಲ.
ನಾಳೆಯಿಂದ ಟೇಬಲ್ಲಿಂದ ಟೇಬಲ್ಲಿಗೆ ಹೋಗಿ ಕೇಳಬೇಕು.
ಇಂಥ ಹೊತ್ತಲ್ಲಿ ಇವನಿಗೆ ತನ್ನದೇ ಚಿಂತೆ ಎಂದು ಬೈಯಬೇಡಿ.
ಅವನದು ಅಂತ ನನ್ನ ಹತ್ತಿರ ಉಳಿದಿರುವುದು ಆ ಕೆಟ್ಟ ಫೈಲೊಂದೇ...

ಮನೆಗೆ ಬಂದು ಲ್ಯಾಪ್‌ಟಾಪ್ ತೆರೆದೆ.
"ಹೆಸರಿಲ್ಲದ ಗುಂಡಿ... ಹೆಸರಿಲ್ಲದ ಗುಂಡಿ..."
ಅದೂ ನೀನು ಕಲಿಸಿದ ಮಾತೇ.

ನಿನ್ನನ್ನು ಹೊತ್ತ ಗಾಡಿ ಮಧ್ಯಾಹ್ನವೇ ಊರ ಕಡೆ ಹೊರಟಿತು. ನಾಳೆ ಅಲ್ಲೇ ಮಣ್ಣು.
ಶೋಭಾಗೆ ಒಂದೇ ಮಾತು ಹೇಳಿ ಕಳಿಸಿದೆ...
ಸಮಾಧಿಯ ಕಲ್ಲಿನ ಮೇಲೆ ಅವನ ಹೆಸರು ಬರೆಸಬೇಡಿ, ಕೆತ್ತಿಸಿ.
ನಾನು ಬಂದಾಗ ಬೆರಳಿಗೆ ಸಿಗಬೇಕು.

ಹೋಗಿ ಬಾ ಮಹಾಂತೇಶ...
ಮೇಲಿನ ಗುಂಡಿ ಬಿಚ್ಚಿಕೊಂಡು, ನಿನ್ನ ಜೀವ ಹಾಯಾಗಿರಲಿ. 🙏