ಮದ್ದಿನ ಮನೆಯ ಕಷಾಯ

ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಈಗ ಇತಿಹಾಸ ಮಾರುತ್ತಾನೆ. ಶನಿವಾರ, ಭಾನುವಾರ ಸಂಜೆ ಹೊಸನಗರದ ಕಡೆಯ ಒಂದು ಊರಿನಲ್ಲಿ, ಬೆಂಗಳೂರಿನಿಂದ ಹೋಮ್‌ಸ್ಟೇಗೆ ಬಂದವರನ್ನು ಗುಂಪು ಕಟ್ಟಿಕೊಂಡು ಒಂದೂವರೆ ಗಂಟೆ ಸುತ್ತಾಡಿಸುತ್ತಾನೆ. ಅದಕ್ಕೆ ಅವನಿಟ್ಟ ಹೆಸರು ‘ಬ್ರಿಟಿಷರ ಕಾಲದ ಮಾಟಗಾತಿ ವಿಚಾರಣೆ: ಒಂದು ಪಾರಂಪರಿಕ ನಡಿಗೆ’. ಪರೀಕ್ಷೆಯಲ್ಲಿ ಗೊತ್ತಿಲ್ಲದ ಪ್ರಶ್ನೆಗೂ ಎರಡು ಪುಟ ತುಂಬಿಸುತ್ತಿದ್ದವನು ಅವನು. ಆಗ ಅದಕ್ಕೆ ಸೊನ್ನೆ ಹಾಕುತ್ತಿದ್ದೆ. ಈಗ ಅದೇ ಗುಣ ಅವನಿಗೆ ಅನ್ನ ಹಾಕುತ್ತಿದೆ.

ನಾನು ಆ ಊರಿನ ಹೈಸ್ಕೂಲಿನಲ್ಲಿ ಹತ್ತೊಂಬತ್ತು ವರ್ಷ ವಿಜ್ಞಾನ ಕಲಿಸಿದವಳು. ಹುಟ್ಟಿದ್ದು ತೀರ್ಥಹಳ್ಳಿಯಲ್ಲಿ, ನಿವೃತ್ತಿಯಾದ ಮೇಲೆ ಇರುವುದು ಸಾಗರದಲ್ಲಿ. ಅವನು ಮೂರು ಸಲ ಫೋನ್ ಮಾಡಿ, ಒಮ್ಮೆ ಬಂದು ನೋಡಲೇಬೇಕು, ನಿಮ್ಮ ಆಶೀರ್ವಾದ ಬೇಕು ಎಂದ. ಆಶೀರ್ವಾದ ಕೊಡುವ ಜಾಯಮಾನ ನನ್ನದಲ್ಲ. ತಪ್ಪು ಕಂಡಲ್ಲಿ ಕೆಂಪು ಗೆರೆ ಎಳೆಯುವ ಚಟ ಮಾತ್ರ ಇನ್ನೂ ಬಿಟ್ಟಿಲ್ಲ, ಅದಕ್ಕೇ ಹೋದೆ. ರಿಪ್ಪನ್‌ಪೇಟೆಯಲ್ಲಿ ಬಸ್ಸು ಬದಲಿಸಬೇಕಿತ್ತು. ಮುಂದಿನ ಬಸ್ಸಿಗೆ ಮುಕ್ಕಾಲು ಗಂಟೆ ಇದ್ದುದರಿಂದ ಒಂದು ತಳ್ಳುಗಾಡಿಯ ಮುಂದೆ ನಿಂತು ಎರಡು ಬೋಂಡಾ ತಿಂದೆ. ಯಾವಾಗ ಕರಿದದ್ದೋ, ರಬ್ಬರಿನ ಹಾಗಿದ್ದವು. ಹಸಿದಿದ್ದೆ, ತಿಂದೆ.

ಹದಿನಾಲ್ಕು ಜನ ಸೇರಿದ್ದರು. ಎಲ್ಲರ ಕೈಗೂ ಒಂದೊಂದು ಲಾಟೀನು ಕೊಟ್ಟ. ಪ್ಲಾಸ್ಟಿಕ್ಕಿನ ಲಾಟೀನು, ಒಳಗೆ ಬ್ಯಾಟರಿ, ತಳದಲ್ಲಿ ಸ್ವಿಚ್ಚು. ಹೊತ್ತು ಇನ್ನೂ ಮುಳುಗಿರಲಿಲ್ಲ. ಓದಿ ಬರೆದ ಹದಿನಾಲ್ಕು ಜನ ಹಗಲು ಬೆಳಕಿನಲ್ಲಿ ದೀಪ ಹಿಡಿದು ಪಂಚಾಯ್ತಿ ಕಚೇರಿಯ ಎದುರಿನಿಂದ ಹೊರಟರೆ ಎಮ್ಮೆಗಳೂ ಮೇಯುವುದು ಬಿಟ್ಟು ನೋಡಿದವು. ನನ್ನ ಶಿಷ್ಯ ಕಪ್ಪು ಕಂಬಳಿ ಹೊದ್ದು, ಕಾಲರಿಗೆ ಮೈಕು ಸಿಕ್ಕಿಸಿಕೊಂಡು, ಗೊಗ್ಗರು ದನಿ ಮಾಡಿಕೊಂಡು ಮುಂದೆ ನಡೆದ. ಫೆಬ್ರವರಿಯ ಸೆಖೆಗೆ ಕಂಬಳಿಯೊಳಗೆ ಬೆವರುತ್ತಿದ್ದ.

ಅರಳಿಕಟ್ಟೆಯ ಮುಂದೆ ನಿಲ್ಲಿಸಿ ರೈಲು ಬಿಡಲು ಶುರು ಮಾಡಿದ. ಹಿಂದೆ ಇಲ್ಲಿಗೊಬ್ಬ ಬಿಳಿ ದೊರೆ ಕುದುರೆ ಮೇಲೆ ಬಂದಿದ್ದನಂತೆ. ಅವನ ಬಟ್ಲರ್ ಊರಿನ ಒಬ್ಬ ಹೆಂಗಸಿನ ಮನೆಯಲ್ಲಿ ಉಂಡು ಮೂರೇ ದಿನಕ್ಕೆ ಸತ್ತನಂತೆ. ಅವಳು ಮದ್ದು ಹಾಕುವವಳು ಎಂದು ಊರೆಲ್ಲ ಸಾಕ್ಷಿ ಹೇಳಿತಂತೆ. ದೊರೆ ಇದೇ ಕಟ್ಟೆಯ ಮೇಲೆ ಕುರ್ಚಿ ಹಾಕಿಸಿ ಕೂತು ವಿಚಾರಣೆ ನಡೆಸಿ ಅವಳನ್ನು ಊರು ಬಿಡಿಸಿದನಂತೆ. ಈಗಲೂ ಅಮಾವಾಸ್ಯೆಗೆ ಕುದುರೆಯ ಸಪ್ಪಳ ಕೇಳುತ್ತದಂತೆ. ಆ ಕಟ್ಟೆ ಕಟ್ಟಿದ್ದು ನಾನು ಆ ಊರಿಗೆ ವರ್ಗವಾಗಿ ಬಂದ ಮರುವರ್ಷ. ಸಿಮೆಂಟು ಒಣಗುವ ಮೊದಲೇ ನಾಯಿಯೊಂದು ಹತ್ತಿ ಹೆಜ್ಜೆ ಮೂಡಿಸಿತ್ತು, ಅದು ಇನ್ನೂ ಇದೆ. ಗುಂಪಿನಲ್ಲೊಬ್ಬ ಬಗ್ಗಿ ಆ ಹೆಜ್ಜೆಯ ಫೋಟೋ ತೆಗೆದು, ಇದೂ ಆ ಕಾಲದ್ದೇ ಎಂದು ಕೇಳಿದ. ಇದ್ದರೂ ಇರಬಹುದು ಎಂದ ನನ್ನ ಶಿಷ್ಯ. ನಾನು ಹತ್ತೊಂಬತ್ತು ವರ್ಷ ಕಲಿಸಿದ್ದರ ಫಲ ಇದು.

ಮದ್ದು ಎಂದರೇನು ಎಂದು ಗುಂಪಿನವರಿಗೆ ಗೊತ್ತಿರಲಿಲ್ಲ. ನಮ್ಮ ಕಡೆ ಅದನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಕೆಲವು ಮನೆಗಳ ಹೆಂಗಸರು ಅನ್ನದಲ್ಲೋ ಕಾಫಿಯಲ್ಲೋ ಏನನ್ನೋ ಬೆರೆಸಿ ಕೊಡುತ್ತಾರೆ, ಅದು ಹೊಟ್ಟೆಯಲ್ಲಿ ಕೂತು ಬೆಳೆಯುತ್ತದೆ, ತಿಂದವನು ಒಣಗಿ ಸಾಯುತ್ತಾನೆ ಎನ್ನುತ್ತಾರೆ. ಅಂಥ ಮನೆಯಲ್ಲಿ ಯಾರೂ ನೀರು ಕೂಡ ಮುಟ್ಟುವುದಿಲ್ಲ. ಮದ್ದು ತೆಗೆಯುವವರೂ ಇದ್ದಾರೆ. ಯಾವುದೋ ಸೊಪ್ಪಿನ ರಸ ಕುಡಿಸಿ ಕಕ್ಕಿಸಿ, ಬಿದ್ದದ್ದರಲ್ಲಿ ಕೂದಲಿನಂಥದ್ದನ್ನು ತೋರಿಸಿ ಇದೇ ನೋಡಿ ಎನ್ನುತ್ತಾರೆ. ಇದನ್ನು ನಾನು ತರಗತಿಯಲ್ಲಿ ಎಷ್ಟು ಸಲ ಗೇಲಿ ಮಾಡಿದ್ದೇನೋ ಲೆಕ್ಕವಿಲ್ಲ. ಮಕ್ಕಳು ನಗುತ್ತಿದ್ದರು, ನನಗೂ ಖುಷಿಯಾಗುತ್ತಿತ್ತು.

ಕೊನೆಯ ನಿಲ್ದಾಣದಲ್ಲಿ, ಇದು ಅದೇ ವಂಶದ ಮನೆ, ಇಲ್ಲೀಗ ನಿಮಗೆಲ್ಲ ಕಷಾಯ, ಚಕ್ಕುಲಿ ಎಂದ. ಅಂಗಳದಲ್ಲಿ ಬೆಂಚು ಹಾಕಿತ್ತು. ತಟ್ಟೆ ಹಿಡಿದು ಹೊರಗೆ ಬಂದವಳನ್ನು ಕಂಡು ನನ್ನ ನಗು ಅಲ್ಲಿಗೇ ನಿಂತಿತು. ಅವಳು ನಮ್ಮ ಶಾಲೆಯಲ್ಲಿ ಒಂದೂವರೆ ತಿಂಗಳು ಬಿಸಿಯೂಟದ ಅಡುಗೆ ಮಾಡಿದವಳು.

ಆಗಷ್ಟೇ ಅವಳ ಗಂಡ ತೀರಿಕೊಂಡಿದ್ದ. ಕೆಲಸಕ್ಕೆ ಸೇರಿದ ದಿನವೇ ಅರ್ಧ ಮಕ್ಕಳು ಮನೆಯಿಂದ ಬುತ್ತಿ ತಂದರು. ಎರಡನೇ ವಾರಕ್ಕೆ ಸಾಂಬಾರಿನ ದೊಡ್ಡ ಪಾತ್ರೆ ತುಂಬಿದ್ದು ತುಂಬಿದ ಹಾಗೇ ಉಳಿಯತೊಡಗಿತು. ಒಂದು ಮಧ್ಯಾಹ್ನ ಸಭೆ ಸೇರಿದೆವು. ಕುದುರೆ ಇರಲಿಲ್ಲ, ದೊರೆ ಇರಲಿಲ್ಲ. ಸ್ಟಾಫ್ ರೂಮಿನಲ್ಲಿ ಪ್ಲಾಸ್ಟಿಕ್ ಕುರ್ಚಿಗಳಿದ್ದವು, ಊರಿನ ನಾಲ್ಕು ಜನ ಪೋಷಕರಿದ್ದರು, ಹೆಡ್‌ಮಾಸ್ತರರಿದ್ದರು, ನಾನಿದ್ದೆ. ಅವಳು ಬಾಗಿಲ ಹತ್ತಿರ ನಿಂತಿದ್ದಳು. ಕೂರು ಎಂದು ಯಾರೂ ಹೇಳಲಿಲ್ಲ. ಮದ್ದು ಎಂಬ ಮಾತನ್ನು ಒಬ್ಬರೂ ಎತ್ತಲಿಲ್ಲ. ಮಕ್ಕಳು ಊಟ ಮಾಡುತ್ತಿಲ್ಲವಾದ್ದರಿಂದ ಅವಳನ್ನು ಕೆಲಸದಿಂದ ಬಿಡಿಸುವುದು ಎಂದು ನಡಾವಳಿ ಪುಸ್ತಕದಲ್ಲಿ ಬರೆದರು.

ಅವಳು ನನ್ನೊಬ್ಬಳ ಕಡೆ ತಿರುಗಿದಳು. “ಮೇಡಂ, ನೀವೊಂದು ತುತ್ತು ಉಂಡ್ರೆ ಮಕ್ಳೂ ಉಣ್ತಾವೆ.”

“ನಂಗೆ ಶುಗರ್ ಇದೆ, ಅನ್ನ ಬಿಟ್ಟಿದೀನಿ,” ಎಂದೆ.

ಆಗ ನನಗೆ ಶುಗರ್ ಇರಲಿಲ್ಲ. ಆಮೇಲೆ ನಿಜವಾಗಿಯೇ ಬಂತು. ಆ ಪುಸ್ತಕಕ್ಕೆ ನಾನೂ ಸಹಿ ಹಾಕಿದೆ, ನಂತರದ ಪಿರಿಯಡ್ಡಿನಲ್ಲಿ ಜೀರ್ಣಾಂಗ ವ್ಯೂಹದ ಪಾಠ ಮಾಡಿದೆ.

ಈಗ ಅಂಗಳದಲ್ಲಿ ಅವಳಿಗೂ ನನ್ನ ಗುರುತು ಸಿಕ್ಕಿತು. ಒಂದು ಗಳಿಗೆ ನೋಡಿ ಒಳಗೆ ಹೋದಳು. ನಾನೂ ಹಿಂದೆಯೇ ಅಡುಗೆಮನೆಗೆ ಹೋದೆ. ಹೊಟ್ಟೆಯೊಳಗಿನ ಅಳುಕನ್ನೆಲ್ಲ ಸಿಟ್ಟು ಮಾಡಿಕೊಂಡು, ಈ ಮುಠ್ಠಾಳ ನಿಮ್ಮ ವಂಶವನ್ನೇ ಮಾಟಗಾತಿಯರ ವಂಶ ಎಂದು ಊರೂರಿನವರಿಗೆ ಸಾರುತ್ತಿದ್ದಾನೆ, ನಾನು ಬೈದು ಇವತ್ತೇ ನಿಲ್ಲಿಸುತ್ತೇನೆ ಎಂದೆ. ಅವಳು ಒಲೆಯ ಮೇಲಿನ ಪಾತ್ರೆಯಿಂದ ಕಣ್ಣೆತ್ತಲಿಲ್ಲ.

“ಹೇಳ್ಕಳ್ಲಿ ಬಿಡಿ ಮೇಡಂ. ಬಂದೋರು ತಿಂತಾರೆ. ಇನ್ನೊಂದು ಚಕ್ಲಿ ಕೊಡಿ ಅಂತಾರೆ. ಈ ಮನೇಲಿ ಆ ಮಾತು ಕೇಳಿ ಎಷ್ಟು ವರ್ಷ ಆಗಿತ್ತು.”

ಬಸ್ ಸ್ಟಾಪಿನ ಅಂಗಡಿಯವರಿಗೆ ಚಕ್ಕುಲಿ ಮಾಡಿಕೊಡುತ್ತೇನೆ ಎಂದು ಅವಳು ಕೇಳಿದ್ದಳಂತೆ. ಹೊರಗಿನವರು ತಿಂದರೆ ಆಗಲಿಲ್ಲ, ಈ ಕಡೆಯವರು ಒಬ್ಬರಾದರೂ ನಿನ್ನ ಮನೆಯಲ್ಲಿ ಬಾಯಿಗೆ ಹಾಕಲಿ, ಆಮೇಲೆ ಇಟ್ಟುಕೊಳ್ಳುತ್ತೇನೆ ಎಂದು ಅಂಗಡಿಯವರು ಹೇಳಿದ್ದರಂತೆ. ನಡಿಗೆ ಶುರುವಾಗಿ ನಾಲ್ಕು ತಿಂಗಳಾಗಿತ್ತು. ಈ ಕಡೆಯವರೆಂದರೆ ಬರುವವನು ನನ್ನ ಶಿಷ್ಯ ಒಬ್ಬನೇ. ಅವನು ಇಲ್ಲಿ ಕಷಾಯ ಕುಡಿಯುವುದಿಲ್ಲ ಎಂದಳು.

ನಾನು ಅಂಗಳಕ್ಕೆ ಬಂದೆ. ಹದಿನಾಲ್ಕೂ ಜನ ಚಕ್ಕುಲಿ ಮುರಿಯುತ್ತಾ, ಮಾಟಗಾತಿಯ ಕೈರುಚಿ ಚೆನ್ನಾಗಿದೆ ಎಂದು ಹಲ್ಲು ಕಿರಿಯುತ್ತಿದ್ದರು. ಅವನು ಮಾತ್ರ ಬೇಲಿಯ ಹತ್ತಿರ ಮೊಬೈಲು ತಿಕ್ಕುತ್ತಾ ನಿಂತಿದ್ದ. ನೀನ್ಯಾಕೋ ಕುಡಿಯುವುದಿಲ್ಲ ಎಂದು ಎಲ್ಲರಿಗೂ ಕೇಳುವ ಹಾಗೆ ಕೇಳಿದೆ. ಇವತ್ತು ಒಪ್ಪತ್ತು ಎಂದ. ಒಪ್ಪತ್ತಿಗೆ ಕಷಾಯ ಅಡ್ಡಿಯಿಲ್ಲ, ನಿನ್ನೆಯೂ ಒಪ್ಪತ್ತಾಗಿತ್ತೇ ಎಂದೆ. ಅವನು ಮೈಕು ಆರಿಸಿ ಹತ್ತಿರ ಬಂದು ಪಿಸುಗುಟ್ಟಿದ.

“ಹೊರಗಿನೋರಿಗೆ ಏನೂ ಆಗಲ್ಲ ಮೇಡಂ. ನಾವು ಈ ಕಡೆಯೋರು.”

ಇಂಥ ದಡ್ಡತನವನ್ನು ನಾನು ಉತ್ತರ ಪತ್ರಿಕೆಗಳಲ್ಲೂ ಕಂಡಿರಲಿಲ್ಲ. ಬೆಂಗಳೂರಿನವರನ್ನು ಬಿಟ್ಟು ಹೊಸನಗರದವರನ್ನೇ ಹುಡುಕಿ ಹಿಡಿಯುವ ವಿಷ! ಥೂ ನಿನ್ನ, ಯಾವ ಬಾಯಲ್ಲಿ ನನ್ನನ್ನು ಗುರು ಅಂತೀಯ ಎಂದು ಗದರಿದೆ. ಗುಂಪಿನವರು ತಿರುಗಿ ನೋಡಿದರು. ನಾನು ಇನ್ನೂ ಬೈಯುವವಳಿದ್ದೆ. ಅಷ್ಟರಲ್ಲಿ ಅವಳು ಒಂದು ಸ್ಟೀಲಿನ ಲೋಟ ಹಿಡಿದು ಬಂದು ನನ್ನೆದುರು ನಿಂತಳು.

ನನ್ನ ಬಾಯಿಗೆ ತಾನಾಗಿ ಬಂದದ್ದು ಶುಗರ್ ಎಂಬ ಮಾತೇ. ಅದನ್ನು ಆಡಿ ಮುಗಿಸಲು ಅವಳು ಬಿಡಲಿಲ್ಲ.

“ಗೊತ್ತು ಮೇಡಂ. ನಿಮಿಗೆ ಅಂತ್ಲೇ ಬೆಲ್ಲ ಹಾಕ್ದೆ ಬೇರೆ ಮಾಡೀನಿ.”

ಅವಳ ಮುಖದಲ್ಲಿ ವ್ಯಂಗ್ಯ ಹುಡುಕಿದೆ. ಇರಲಿಲ್ಲ. ಇದ್ದಿದ್ದರೆ ಸಿಟ್ಟು ಮಾಡಿಕೊಂಡು ಹೊರಟುಬಿಡಬಹುದಿತ್ತು. ನನ್ನ ಶಿಷ್ಯ ಕಣ್ಣರಳಿಸಿ ನೋಡುತ್ತಿದ್ದ. ಲೋಟ ತೆಗೆದುಕೊಂಡು ಮೊದಲು ಮೂಸಿ ನೋಡಿದೆ, ಸುಳ್ಳು ಹೇಳುವುದಿಲ್ಲ. ಕೊತ್ತಂಬರಿ, ಜೀರಿಗೆ, ಮೆಂತ್ಯ, ಒಂದಿಷ್ಟು ಮೆಣಸು. ಒಳ್ಳೆಯ ಕಷಾಯ. ತಳ ಕಾಣುವವರೆಗೆ ಕುಡಿದೆ. ಅಷ್ಟು ಹೊತ್ತೂ ಅವಳು ಕದಲಲಿಲ್ಲ. ಖಾಲಿ ಲೋಟವನ್ನು ಇಸಿದುಕೊಂಡು ಒಳಗೆ ಹೋದಳು.

ಬಸ್ಸಿನಲ್ಲಿ ದಾರಿಯುದ್ದಕ್ಕೂ ನಾನು ಬೀಗುತ್ತಾ ಬಂದೆ. ಅವನಂಥ ಹೇಡಿಯಲ್ಲ ನಾನು, ಮಾಡಿದ್ದನ್ನು ಒಂದು ಲೋಟದಲ್ಲಿ ತೊಳೆದುಕೊಂಡೆ ಎಂದು. ಅಷ್ಟು ಅಗ್ಗವಾಗಿ ತೊಳೆದುಹೋಗುತ್ತದೆ ಎಂದುಕೊಂಡ ನನ್ನ ಸೊಕ್ಕನ್ನು ಈಗ ನೆನೆದರೆ ಮೈಯುರಿಯುತ್ತದೆ.

ಬೆಳಿಗ್ಗೆ ಏಳುವಾಗಲೇ ಹೊಟ್ಟೆ ತೊಳಸುತ್ತಿತ್ತು. ಹುಳಿ ತೇಗು, ಅದರಲ್ಲಿ ಹಳೇ ಎಣ್ಣೆಯ ವಾಸನೆ. ಬೋಂಡಾ ಎಂದು ಮೂಗೇ ಹೇಳುತ್ತಿತ್ತು. ಆದರೂ ಬೋಂಡಾದ್ದೇ, ಬೋಂಡಾದ್ದೇ ಎಂದು ನನಗೆ ನಾನೇ ಹೇಳಿಕೊಳ್ಳಬೇಕಾಯಿತು. ಆಗ ಫೋನು ಹೊಡೆದುಕೊಂಡಿತು. ಅವನೇ. ರಾತ್ರಿ ಸರಿಯಾಗಿ ಮುಟ್ಟಿದಿರಾ ಎಂದು ಕೇಳಿದ. ಬಿಸಿಲು ಜೋರು ಎಂದ. ಆಮೇಲೆ ವಿಷಯಕ್ಕೆ ಬಂದ.

“ಹೊಟ್ಟೆ ಆರಾಮಿದ್ಯಾ ಮೇಡಂ? ಅಂಗಡಿಯೋರೂ ಕೇಳ್ತಿದ್ರು. ಇಲ್ಲೇ ನಿಂತಿದಾರೆ.”

ಎದ್ದು ಬರುತ್ತಿದ್ದ ವಾಂತಿಯನ್ನು ಗಂಟಲಲ್ಲೇ ತಡೆದುಕೊಂಡೆ. ಈಗ ನನ್ನ ಬಾಯಿಂದ ಒಂದು ಮಾತು ಜಾರಿದರೆ ಮಧ್ಯಾಹ್ನದೊಳಗೆ ಅದು ಊರು ಸುತ್ತುತ್ತದೆ. ಆಮೇಲೆ ಆ ಮನೆಯ ಅಂಗಳಕ್ಕೆ ಬೆಂಗಳೂರಿನವರೂ ಬರುವುದಿಲ್ಲ. ಬೋಂಡಾದ ಕತೆಯನ್ನು ಯಾರೂ ಕೇಳುವುದಿಲ್ಲ.

“ಎಂತದೂ ಆಗಿಲ್ಲ. ಚೆನ್ನಾಗಿ ಹಸಿವಾಗ್ತಿದೆ. ಬರೋ ವಾರ ನಾನು ಬರ್ತೀನಿ, ಅವರ ಅಂಗಡೀಲೇ ಚಕ್ಲಿ ತಗೊಳ್ತೀನಿ ಅಂತ ಹೇಳು.”

ಅವನು ಅದನ್ನು ಪಕ್ಕದವರಿಗೆ ಹೇಳಿದ್ದು ಕೇಳಿಸಿತು. ಆಯ್ತು, ಒಂದು ಡಬ್ಬಿ ತಂದಿಡೋಕೆ ಹೇಳು ನೋಡಣ ಎಂದು ಇನ್ನೊಂದು ದನಿ ಹೇಳಿದ್ದೂ ಕೇಳಿಸಿತು. ಫೋನು ಇಟ್ಟು ಬಚ್ಚಲಿಗೆ ಓಡಿದೆ. ಮೂರು ಸಲ ಬಂತು. ಮುಖ ತೊಳೆದುಕೊಂಡು, ನೀರು ಹೊಯ್ಯಲೆಂದು ಚೊಂಬು ಎತ್ತಿದವಳು, ಹಾಗೇ ನಿಂತೆ. ಆಮೇಲೆ ಲೈಟು ಹಾಕಿ, ಕನ್ನಡಕ ತಂದು, ಬಗ್ಗಿ, ಬಿದ್ದದ್ದರಲ್ಲಿ ಕೂದಲಿನಂಥದ್ದು ಏನಾದರೂ ಇದೆಯೇ ಎಂದು ಹುಡುಕಿದೆ.