ಗೋದಾಮಿನಲ್ಲಿ ದೃಷ್ಟಿ ತೆಗೆದ ದಿನ

2006ರಲ್ಲಿ ನಾನು ಬ್ಯಾಡಗಿಯಲ್ಲಿ ಅಗ್ನಿಶಾಮಕ ಠಾಣಾಧಿಕಾರಿಯಾಗಿದ್ದೆ. ಆ ಫೆಬ್ರವರಿಯಲ್ಲಿ ಒಂದು ಮಲಯಾಳಂ ಚಿತ್ರತಂಡ ಮೆಣಸಿನಕಾಯಿ ಗೋದಾಮೊಂದರಲ್ಲಿ ಚಿತ್ರೀಕರಣಕ್ಕೆ ಬಂತು. ವ್ಯಾಪಾರಕ್ಕೆಂದು ಬಂದು ಇಲ್ಲೇ ಉಳಿದ ಮಗನಿಗೆ ಕೇರಳದ ತಾಯಿ ದೃಷ್ಟಿ ತೆಗೆಯುವ ದೃಶ್ಯ. ಕೆಂಡ ಇರುತ್ತದೆಂದು ನಾನು ಸಿಬ್ಬಂದಿ, ವಾಹನದೊಂದಿಗೆ ಕಾವಲಿಗೆ ಹೋಗಿದ್ದೆ.

"ಕೆಂಡ ಯಾಕ್ರಿ? ಊದುಬತ್ತಿ ಹೊಗೆ ಸಾಕಲ್ಲ?" ಎಂದೆ.

ತರುಣ ನಿರ್ದೇಶಕ ಹಿಂದಿಯಲ್ಲಿ ಹೇಳಿದ: "ಇದು ನಮ್ಮ ಮನೆಮನೆಯಲ್ಲಿ ನಡೆಯುವುದು, ಸಾರ್. ತಾಯಿಯ ಕೈ ಸ್ವಲ್ಪ ತಪ್ಪಿದರೂ ನಮ್ಮ ಜನ ಟಾಕೀಸಿನಲ್ಲೇ ನಗುತ್ತಾರೆ."

ಬಾಗಿಲು ತೆರೆದಿರಬೇಕೆಂದು ಷರತ್ತು ಹಾಕಿದೆ. ತೆರೆದೇ ಇಟ್ಟರು, ಆದರೆ ಬೆಳಕು ತಡೆಯಲು ದಪ್ಪ ಕಪ್ಪು ಬಟ್ಟೆ ಇಳಿಬಿಟ್ಟರು.

ತಾಯಿಯ ಪಾತ್ರದ ವಯಸ್ಸಾದ ನಟಿ, ಮಗನ ಪಾತ್ರದ ಹುಡುಗನಿಗೆ ನಾಲ್ಕು ಮೆಣಸಿನಕಾಯಿ ನಿವಾಳಿಸಿ ಕೆಂಡಕ್ಕೆ ಹಾಕಿದರು. ಎಲ್ಲರಿಗೂ ಕೆಮ್ಮು. ದೃಷ್ಟಿ ತಾಗಿದ್ದರೆ ಘಾಟು ಬರುವುದಿಲ್ಲ ಎಂಬ ನಂಬಿಕೆ ನಮ್ಮಲ್ಲೂ ಇದೆ, ಅವರಲ್ಲೂ ಇದೆ. ಚೀಲ ಹೊಲಿಯುವ ಗಂಗವ್ವ ನಕ್ಕಳು: "ಘಾಟು ಬಂತಲ್ರಿ. ದೃಷ್ಟಿ ಗಿಷ್ಟಿ ಏನಿಲ್ಲ, ಹುಡುಗ ಗಟ್ಟಿ ಅದಾನ."

ಎಲ್ಲರೂ ಕೆಮ್ಮುತ್ತಲೇ ನಕ್ಕರು. ಕ್ಯಾಮೆರಾ ಓಡುತ್ತಲೇ ಇತ್ತು.

ನನಗೆ ನಗು ಬರಲಿಲ್ಲ. ಬ್ಯಾಡಗಿ ಕಾಯಿ ಬಣ್ಣಕ್ಕೆ ಹೆಸರು, ಖಾರ ಕಡಿಮೆ. ನಾಲ್ಕು ಕಾಯಿಗೆ ಇಷ್ಟು ಘಾಟೇ? ಕೆಂಡದ ಹೊಗೆ ಆಗಲೇ ಸಣ್ಣಗಾಗಿತ್ತು, ಘಾಟು ಮಾತ್ರ ಏರುತ್ತಿತ್ತು. ನಟಿಯ ಹಿಂದೆ ದೊಡ್ಡ ಲೈಟೊಂದು ಚೀಲಗಳಿಗೆ ಒರಗಿತ್ತು. ಅಲ್ಲಿ ಗೋಣಿ ಉರಿಯಿಲ್ಲದೆ ಒಳಗೊಳಗೇ ಸುಡುತ್ತಿತ್ತು.

"ಲೈಟ್ ಆರಿಸ್ರಿ. ಎಲ್ಲಾರೂ ಹೊರಗ ನಡೀರಿ."

"ಒಂದೇ ನಿಮಿಷ, ಸಾರ್..." ಎಂದ ನಿರ್ದೇಶಕನ ಗಂಟಲು ಅಷ್ಟರಲ್ಲೇ ಕಟ್ಟಿತು.

ಬಾಗಿಲಿನ ಕಪ್ಪು ಬಟ್ಟೆ ಕಿತ್ತೆಸೆದೆ. ಜನ ನುಗ್ಗಿ ಹೊರಬಿದ್ದರು. ಹೊರಗೆ ಗಂಗವ್ವ ಸುತ್ತ ನೋಡಿ, "ಆ ಅಮ್ಮ ಬಂದಿಲ್ರಿ, ಸಾಹೇಬ್ರ," ಎಂದಳು.

ಬಿ.ಎ. ಸೆಟ್, ಅಂದರೆ ಬೆನ್ನಿಗೆ ಕಟ್ಟುವ ಗಾಳಿಯ ಸಿಲಿಂಡರ್, ಹಾಕಿಕೊಂಡು ಒಳಗೆ ಹೋದೆ. ಸೊಂಟದ ಹಗ್ಗದ ತುದಿ ನನ್ನ ಸಿಬ್ಬಂದಿಯ ಕೈಯಲ್ಲಿತ್ತು. ಗಂಗವ್ವನೂ ಅದನ್ನು ಹಿಡಿದಿದ್ದಳೆಂದು ಆಮೇಲೆ ತಿಳಿಯಿತು. ಹೊಗೆಯಲ್ಲಿ ಮುಂದೆ ಚಾಚಿದ ನನ್ನ ಕೈಯೇ ಕಾಣುತ್ತಿರಲಿಲ್ಲ. ನಟಿ ಬಾಗಿಲಿನ ದಿಕ್ಕು ತಪ್ಪಿ ಚೀಲಗಳ ಸಂದಿಯಲ್ಲಿ ಕುಸಿದಿದ್ದರು. ಎತ್ತಿ ತಂದು ಹೊರಗೆ ಮಲಗಿಸಿದಾಗ ಉಸಿರು ಒಳಗೆ ಹೋಗುತ್ತಿರಲಿಲ್ಲ, ಎದೆ ಮಾತ್ರ ಎಗರುತ್ತಿತ್ತು. ಆಕ್ಸಿಜನ್ ಕೊಟ್ಟೆವು. ನಿರ್ದೇಶಕ ಅವರ ಪಾದ ಹಿಡಿದು ಕುಳಿತಿದ್ದ. ಕೊನೆಗೆ ಒಂದು ಉದ್ದನೆಯ ಉಸಿರು ಬಂತು. ಅಷ್ಟರಲ್ಲಿ ಸಿಬ್ಬಂದಿ ನೀರು ಹಾಯಿಸಿ ಚೀಲಗಳ ಬೆಂಕಿ ಆರಿಸಿದ್ದರು.

ಗಂಗವ್ವ ಒಂದು ಹಿಡಿ ಮೆಣಸಿನಕಾಯಿ, ಉಪ್ಪು ತಂದು ಆ ತಾಯಿಗೆ ನಿವಾಳಿಸಿದಳು. ಭಾಷೆ ತಿಳಿಯದ ಅವರು ಸುಮ್ಮನೆ ತಲೆ ಬಾಗಿಸಿದರು.

"ಇವತ್ತ ಸುಡೂದು ಬ್ಯಾಡ. ನೀರಾಗ ಬಿಡ್ತೇನಿ," ಎಂದು ಗಂಗವ್ವ ಬಾವಿಯ ಕಡೆ ನಡೆದಳು.

ನಿವೃತ್ತನಾಗಿದ್ದೇನೆ. ಈಗಲೂ ಒಗ್ಗರಣೆಯ ಘಾಟಿಗೆ ಮನೆಯವರು ಕೆಮ್ಮಿ ನಕ್ಕರೆ, ನಾನು ಎದ್ದು ಹೋಗಿ ಒಲೆ ನೋಡಿ ಬರುತ್ತೇನೆ.