ಏಳನೇ ಕಂತಿನ ಕಾಗದ

ಸ್ಟುಡಿಯೋದಲ್ಲಿ ಅವನ ನಿಜವಾದ ಹೆಸರು ಗೊತ್ತಿದ್ದದ್ದು ಹಾಜರಿ ಪುಸ್ತಕಕ್ಕೆ ಮಾತ್ರ. ಉಳಿದವರಿಗೆಲ್ಲ ಅವನು ಗೋಂದಣ್ಣ. ಮೂವತ್ತು ವರ್ಷದಿಂದ ಬೆರಳಿಗೆ ಗೋಂದು ಮೆತ್ತಿಕೊಂಡೇ ತಿರುಗುವವನಿಗೆ ಇನ್ನೇನು ಹೆಸರು ಬಂದೀತು? ಕ್ಯಾಮೆರಾ ಮುಂದೆ ಬರುವ ಕಾಗದವೆಲ್ಲ ಅವನ ಕೈಕೆಲಸ. ಪ್ರೇಮಪತ್ರ, ಉಯಿಲು, ಗಲ್ಲಿನ ಆದೇಶ, ಇನ್ನೊಂದು ಗ್ರಹಕ್ಕೆ ಹೋಗುವ ಪರವಾನಗಿ, ಏನು ಕೇಳಿದರೂ ಸೈ. ಹೊಸ ಹಾಳೆಗೆ ಚಹಾದ ಡಿಕಾಕ್ಷನ್ ಬಳಿದು, ಕಾದ ತಟ್ಟೆಯ ಮೇಲೆ ಒಣಗಿಸಿ, ಮಡಚಿ ಅದರ ಮೇಲೆ ಸ್ವಲ್ಪ ಹೊತ್ತು ಕೂತುಬಿಟ್ಟರೆ ಹಾಳೆಗೆ ಐವತ್ತು ವರ್ಷ ವಯಸ್ಸಾಗುತ್ತಿತ್ತು. ಬೇರೆಯವರ ಕೈಬರಹವನ್ನಂತೂ ಬರೆದವರೇ ಮೋಸಹೋಗುವಂತೆ ಬರೆಯುತ್ತಿದ್ದ. ಇಂಥ ಕೈ ಇದ್ದವನು ಅಡ್ಡದಾರಿ ಹಿಡಿಯಲಿಲ್ಲವಲ್ಲ, ಅದೇ ಊರಿನ ಪುಣ್ಯ.

ಅವನಿಗೆ ಎರಡು ನಿಯಮಗಳಿದ್ದವು. ಯಾವ ಕಾಗದವಾದರೂ ಮೂರು ಪ್ರತಿ ಇರಬೇಕು, ಏಕೆಂದರೆ ನಟರ ಕೈಗೆ ಕೊಟ್ಟ ಕಾಗದ ಉಳಿಯುವ ಮಾತೇ ಇಲ್ಲ. ಇನ್ನೊಂದು, ನಿಜವಾದ ಕಾಗದವನ್ನು ಎಂದೂ ಕ್ಯಾಮೆರಾ ಮುಂದೆ ಇಡಬಾರದು. ಒಮ್ಮೆ ಯಾರೋ ಸಹಾಯಕ ತನ್ನ ಮನೆಯ ಕರೆಂಟ್ ಬಿಲ್ಲನ್ನೇ ಮೇಜಿನ ಮೇಲೆ ಇಟ್ಟದ್ದಕ್ಕೆ ಗೋಂದಣ್ಣ ಇಡೀ ಸೆಟ್ಟಿಗೆ ಕೇಳುವಂತೆ ಉಗಿದಿದ್ದ. ಅಂಥವನೇ ಆ ನಿಯಮ ಮುರಿದ ಎಂದರೆ ಯಾರೂ ನಂಬುವುದಿಲ್ಲ. ಆದರೆ ಮುರಿದ.

ಅವನ ಮನೆಯಲ್ಲಿ ಇದ್ದದ್ದು ಅವನು ಮತ್ತು ಅವನ ತಂಗಿ. ಇಬ್ಬರಿಗೂ ಮದುವೆಯಾಗಿರಲಿಲ್ಲ, ಆಗಲಿಲ್ಲವೆಂಬ ಕೊರಗೂ ಇರಲಿಲ್ಲ. ತಂಗಿ ಸರ್ಕಾರದ ದೊಡ್ಡ ಕಟ್ಟಡದಲ್ಲಿ, ನಕಲು ವಿಭಾಗದಲ್ಲಿ ಗುಮಾಸ್ತೆ. ಅಲ್ಲಿ ಬೇಡವಾದ ಹಾಳೆಗಳನ್ನು ಯಂತ್ರಕ್ಕೆ ಹಾಕಿ ಚೂರು ಮಾಡಬೇಕು. ಅವುಗಳಲ್ಲಿ ಹಿಂಬದಿ ಖಾಲಿ ಇದ್ದವನ್ನು ಅವಳು ಹನ್ನೆರಡು ವರ್ಷದಿಂದ ಚೀಲಕ್ಕೆ ಹಾಕಿಕೊಂಡು ಅಣ್ಣನಿಗೆ ತರುತ್ತಿದ್ದಳು. ತರಬಾರದು ಎಂದು ಅವಳಿಗೂ ಗೊತ್ತಿತ್ತು. ಆದರೆ ಸರ್ಕಾರಿ ಹಾಳೆಯ ದಪ್ಪ, ಆ ಬಣ್ಣ ಅಂಗಡಿಯಲ್ಲಿ ಸಿಗುವುದಿಲ್ಲ ಎಂದು ಅಣ್ಣನೇ ಗೋಗರೆದು ಕೇಳಿಕೊಂಡಿದ್ದ.

ಈಗಿನ ಧಾರಾವಾಹಿ ಮುಂದಿನ ಶತಮಾನದ ಕತೆ. ಒಂದು ದೇಶದ ಅಧ್ಯಕ್ಷನನ್ನು ಯಾರೋ ಮುಗಿಸಿ, ಅವನ ಜಾಗದಲ್ಲಿ ಅವನಂತೆಯೇ ಇರುವ ಯಂತ್ರವನ್ನು ಕೂರಿಸಿದ್ದಾರೆ. ಅರಮನೆಯ ಗೋಡೆಗಳಿಗೆಲ್ಲ ಕಿವಿ, ಅಂದರೆ ಬಚ್ಚಿಟ್ಟ ಮೈಕು. ಏಳನೇ ಕಂತಿನಲ್ಲಿ ಗೂಢಚಾರನಾದ ನಾಯಕ, ಯಾವ ಯಾವ ಕೋಣೆಯಲ್ಲಿ ಎಷ್ಟು ಕಿವಿಗಳಿವೆ ಎಂಬ ಪಟ್ಟಿಯನ್ನು ಕದ್ದು ಓದಿ, ಲೈಟರಿನಿಂದ ಸುಡಬೇಕು. ಪಟ್ಟಿ ಬೇಕೆಂದು ನಿರ್ದೇಶಕ ಹೇಳಿದ್ದು ಚಿತ್ರೀಕರಣದ ಹಿಂದಿನ ಸಂಜೆ. ಗೋಂದಣ್ಣ ತಂಗಿ ತಂದ ಕಂತೆಯಲ್ಲಿ ಹುಡುಕಾಡುತ್ತಿದ್ದಾಗ ಒಂದು ಹಾಳೆ ಸಿಕ್ಕಿತು. ಮೇಲೆ ಅಚ್ಚಾದ ನಾಲ್ಕು ಕಾಲಂ: ಕೋಣೆ, ಉಪಕರಣ, ದಿನಾಂಕ, ಸಹಿ. ಕೆಳಗೆ ನೀಲಿ ಶಾಯಿಯಲ್ಲಿ, ಬಲಕ್ಕೆ ವಾಲಿದ ಅಕ್ಷರದಲ್ಲಿ ಹನ್ನೊಂದು ಸಾಲು. ಮೂಲೆಯಲ್ಲಿ ನೇರಳೆ ಮೊಹರು. ಫ್ಯಾನ್ ರಿಪೇರಿಯ ಪಟ್ಟಿ ಇರಬೇಕು ಎಂದುಕೊಂಡ. ಅದನ್ನು ನೋಡಿಕೊಂಡೇ ಎರಡು ಪ್ರತಿ ಬರೆದ, ರಬ್ಬರು ಕೆತ್ತಿ ಮೊಹರನ್ನೂ ಮಾಡಿದ. ಮೂರನೆಯದನ್ನು ಬರೆಯುವಷ್ಟರಲ್ಲಿ ಕಣ್ಣು ಎಳೆಯತೊಡಗಿತು. ಫ್ಯಾನಿನ ಪಟ್ಟಿ ತಾನೆ, ಯಾರ ಗಂಟು ಹೋಗುತ್ತದೆ ಎಂದು ಅಸಲಿಯನ್ನೇ ಮೂರನೆಯದಾಗಿ ಇಟ್ಟುಬಿಟ್ಟ. ಮೊದಲ ಎರಡು ಟೇಕಿನಲ್ಲಿ ಅವನ ಪ್ರತಿಗಳು ಸುಟ್ಟುಹೋದವು. ಮೂರನೆಯ ಟೇಕ್ ಓಕೆ ಆಯಿತು.

ಕಂತು ಪ್ರಸಾರವಾದ ಮೂರನೆಯ ದಿನ, ಬೆಳಗ್ಗೆ ಹನ್ನೊಂದಕ್ಕೆ, ನಿರ್ಮಾಪಕ ಬೆವರು ಒರೆಸಿಕೊಳ್ಳುತ್ತಾ ಗೋಂದಣ್ಣನ ಕೋಣೆಗೆ ಬಂದ. ಅವನ ಹಿಂದೆ ಒಬ್ಬ ಅಧಿಕಾರಿಣಿ, ತಲೆಗೂದಲು ಅರ್ಧ ನರೆತವಳು. ಅವಳ ಹಿಂದೆ ಕೆಂಪು ಫೈಲು ಹಿಡಿದ ಒಬ್ಬ ಗಂಡಸು, ಬಾಯಿಗೆ ಬೀಗ ಹಾಕಿಕೊಂಡವನಂತೆ.

"ಏಳನೇ ಕಂತಲ್ಲಿ ಸುಟ್ಟ ಕಾಗದ ಮಾಡಿದ್ದು ನೀವೇನಾ?" ಎಂದಳು ಅಧಿಕಾರಿಣಿ.

"ಹೌದು ಮೇಡಂ."

"ಚೆನ್ನಾಗಿತ್ತು. ತುಂಬಾ ಚೆನ್ನಾಗಿತ್ತು, ಅದೇ ತೊಂದರೆ." ಅವಳು ಸ್ಟೂಲು ಎಳೆದುಕೊಂಡು ಕೂತಳು. "ಅಂಥದ್ದೇ ಒಂದು ಕಾಗದ ನಮ್ಮಲ್ಲೂ ಇದೆ. ಅದರ ಒಂದು ಪ್ರತಿ ಚೂರಾಗಬೇಕಿತ್ತು. ಆಯ್ತೋ ಇಲ್ವೋ ಗೊತ್ತಿಲ್ಲ. ನಿಮ್ಮ ತಂಗಿ ನಮ್ಮ ಕಟ್ಟಡದಲ್ಲೇ ಕೆಲಸ ಮಾಡ್ತಾರಂತೆ, ಅಲ್ವಾ?"

ಗೋಂದಣ್ಣ ಗೋಂದಿನ ಬಾಟಲಿಯ ಮುಚ್ಚಳ ಬಿಗಿಮಾಡಿದ. "ಹೌದು. ಆದ್ರೆ ಅವಳಿಗೂ ಇದಕ್ಕೂ ಏನು ಸಂಬಂಧ ಮೇಡಂ? ಅದು ನನ್ನ ತಲೆಯಿಂದ ಬಂದದ್ದು."

"ಒಂದೋ ಅವರ ಚೀಲದಿಂದ ಬಂತು, ಇಲ್ಲಾ ನಿಮ್ಮ ತಲೆಯಿಂದ ಬಂತು. ಚೀಲದಿಂದ ಬಂದಿದ್ರೆ ಅವರನ್ನ ಇವತ್ತೇ ಕರ್ಕೊಂಡು ಹೋಗ್ತೀವಿ. ಮತ್ತೆ ಯಾವಾಗ ಬರ್ತಾರೆ ಅಂತ ನಾನು ಹೇಳೋಕಾಗಲ್ಲ. ತಲೆಯಿಂದ ಬಂದಿದ್ರೆ, ಇನ್ನೊಂದು ಸಲ ಬರಲಿ. ಪೂರ್ತಿ ಹಾಳೆ. ಈಗ, ನನ್ನ ಎದುರಿಗೆ."

ನಿರ್ಮಾಪಕ ಬಾಗಿಲಿಗೆ ಒರಗಿ ನಿಂತ. ಗೋಂದಣ್ಣ ಹಾಳೆ ತೆಗೆದ, ಸ್ಕೇಲು ಇಟ್ಟ, ಗೆರೆ ಎಳೆಯತೊಡಗಿದ. ಕೈ ತನ್ನ ಪಾಡಿಗೆ ಕೆಲಸ ಮಾಡುತ್ತಿತ್ತು, ತಲೆ ಮಾತ್ರ ಗಿರಗಿರ ತಿರುಗುತ್ತಿತ್ತು. ಪೂರ್ತಿ ಹಾಳೆ ಎಂದು ಅವಳು ಯಾಕೆ ಕೇಳಿದಳು? ಟಿ.ವಿ.ಯಲ್ಲಿ ಕಂಡದ್ದು ಮೇಲಿನ ಅರ್ಧ ಮಾತ್ರ. ಆ ಅರ್ಧವನ್ನು ಅವನು ಹಾಗೆಯೇ ಬರೆಯಬೇಕು, ಇಲ್ಲದಿದ್ದರೆ ಅದನ್ನು ಮಾಡಿದವನು ಅವನೇ ಎಂದು ಹೇಗೆ ಗೊತ್ತಾಗುತ್ತದೆ? ಆದರೆ ಕ್ಯಾಮೆರಾ ನೋಡದ ಕೆಳಗಿನ ಅರ್ಧವನ್ನೂ ಸರಿಯಾಗಿ ಬರೆದುಬಿಟ್ಟರೆ, ಅವನು ಅಸಲಿಯನ್ನು ಕಂಡಿದ್ದಾನೆ ಎಂದೇ ಅರ್ಥ. ಅಲ್ಲಿಗೆ ತಂಗಿಯ ಕತೆ ಮುಗಿದಂತೆ.

ಎರಡು ಸಲ ಬರೆದ ಕೈ ಅದು. ಹನ್ನೊಂದು ಸಾಲೂ ಬೆರಳ ತುದಿಯಲ್ಲಿ ಕೂತಿದ್ದವು. ಮೂವತ್ತು ವರ್ಷ ಇದ್ದದ್ದನ್ನು ಇದ್ದಂತೆ ಬರೆದು ಅನ್ನ ತಿಂದವನು ಈಗ ತಪ್ಪು ಬರೆಯಬೇಕಿತ್ತು. ಅದೂ ಸರಿಯಾದ ಜಾಗದಲ್ಲಿ.

ಸ್ವಾಗತ ಕೋಣೆ, ಎರಡು. ಸಭಾಂಗಣ, ಆರು. ಗ್ರಂಥಾಲಯ, ಎರಡು. ಮೂರು ಸಾಲು ಬರೆದು ಪೆನ್ನು ನಿಲ್ಲಿಸಿದ. ನಾಯಕನ ಹೆಬ್ಬೆಟ್ಟು! ಯಾವುದೋ ಒಂದು ಸಾಲನ್ನು ಅದು ಮುಚ್ಚಿತ್ತು. ಮೊದಲ ಟೇಕಿನಲ್ಲಿ "ಹೆಬ್ಬೆಟ್ಟು ತೆಗೀರಿ, ಏನೂ ಕಾಣ್ತಿಲ್ಲ" ಎಂದು ನಿರ್ದೇಶಕ ಕೂಗಿದ್ದು ನೆನಪಿತ್ತು. ಆಮೇಲೆ ತೆಗೆದನೋ, ಕೆಳಗೆ ಸರಿಸಿದನೋ? ಮುಚ್ಚಿದ್ದ ಸಾಲನ್ನು ಅಸಲಿಯಂತೆ ಬರೆದರೆ ಸಿಕ್ಕಿಬಿದ್ದಂತೆ. ಕಂಡಿದ್ದ ಸಾಲನ್ನು ಬದಲಿಸಿದರೂ ಸಿಕ್ಕಿಬಿದ್ದಂತೆ.

"ಯಾಕೆ ನಿಲ್ಲಿಸಿದ್ರಿ?"

"ಶಾಯಿ ಆರಲಿ ಅಂತ ಮೇಡಂ."

ಹಾಳೆಯನ್ನು ಎತ್ತಿ ಬೆಳಕಿಗೆ ಹಿಡಿದ. ನಾಯಕನ ಬಲಗೈಯಲ್ಲಿ ಲೈಟರಿತ್ತು, ಆದ್ದರಿಂದ ಹಾಳೆ ಎಡಗೈಯಲ್ಲಿ. ಗೋಂದಣ್ಣನೂ ಎಡಗೈಯಲ್ಲೇ, ಅವನು ಹಿಡಿದಂತೆಯೇ ಹಿಡಿದ. ಟಿ.ವಿ. ಮುಂದೆ ಕೂತು ನೋಡಿದ್ದನ್ನು ಕಣ್ಣಿಗೆ ತಂದುಕೊಂಡ. ಹೆಬ್ಬೆಟ್ಟು ನಾಲ್ಕನೆಯ ಸಾಲಿನ ಮೊದಲ ಕಾಲಮ್ಮಿನ ಮೇಲೆ ಬಂದು ಕೂತಿತು. ಹೌದು, ನಾಲ್ಕನೆಯದೇ. ಶಾಯಿ ಆರಿಸುವವನಂತೆ ಒಮ್ಮೆ ಊದಿ ಹಾಳೆಯನ್ನು ಕೆಳಗಿಟ್ಟ. ಅಸಲಿಯಲ್ಲಿ ಅಲ್ಲಿದ್ದದ್ದು 'ಪತ್ರಕರ್ತರ ಕೋಣೆ'. ಅವನು 'ಔಷಧಾಲಯ' ಎಂದು ಬರೆದು, ಮುಂದಿನ ಸಂಖ್ಯೆ, ದಿನಾಂಕ ಇದ್ದಂತೆಯೇ ಹಾಕಿದ.

ಐದನೆಯದು, ಟಿ.ವಿ.ಯಲ್ಲಿ ಕಂಡ ಕೊನೆಯ ಸಾಲು. ಕಾರು ನಿಲ್ಲಿಸುವ ಶೆಡ್ಡು, ಮೂರು.

ಆಗ ಹೊಳೆಯಿತು. ಕಾರಿನ ಶೆಡ್ಡಿಗೆ ಮೂರು ಫ್ಯಾನು ಯಾಕೆ?

ಪತ್ರಕರ್ತರ ಕೋಣೆಗೆ ಎಂಟು ಯಾಕೆ? ಫ್ಯಾನು ಅಲ್ಲ, ದೀಪ ಅಲ್ಲ. ಗೋಡೆಗೆ ಕಿವಿ ಇರುವ ಅರಮನೆಯ ಕತೆಗೆ ಅವನು ಒಯ್ದು ಕೊಟ್ಟದ್ದು ಕಿವಿಗಳ ಪಟ್ಟಿಯನ್ನೇ. ಇಂಥ ಕಾಕತಾಳೀಯವನ್ನು ಕತೆಗಾರ ಬರೆದಿದ್ದರೆ ನಿರ್ದೇಶಕ ನಗಾಡಿ ಹೊಡೆದುಹಾಕುತ್ತಿದ್ದ.

ಆರನೆಯ ಸಾಲಿಗೆ ಪೆನ್ನು ತಾನಾಗಿಯೇ ಇಳಿಯಿತು. ಹಾಳೆಯ ಮೇಲೆ ನೀಲಿ ಚುಕ್ಕೆಯೊಂದು ಬಿತ್ತು. ಅಸಲಿಯ ಆರನೆಯ ಸಾಲು ಅವನಿಗೆ ಚೆನ್ನಾಗಿ ನೆನಪಿತ್ತು: ನಕಲು ವಿಭಾಗ, ಊಟದ ಕೋಣೆ, ನಾಲ್ಕು.

ಹನ್ನೆರಡು ವರ್ಷದಿಂದ ತಂಗಿ ಅಲ್ಲೇ ಡಬ್ಬಿ ಬಿಚ್ಚುತ್ತಾಳೆ. ಅಲ್ಲೇ ದೊಡ್ಡ ಸಾಹೇಬರ ಕೆಮ್ಮು, ಸಣ್ಣ ಸಾಹೇಬರ ನಡಿಗೆ ಅಣಕಿಸಿ ಗೆಳತಿಯರನ್ನು ಹೊಟ್ಟೆ ಹುಣ್ಣಾಗುವಂತೆ ನಗಿಸುತ್ತಾಳೆ. ಸರ್ಕಾರವನ್ನು ಬಾಯಿಗೆ ಬಂದಂತೆ ಬೈಯುತ್ತಾಳೆ. ಬೈದದ್ದನ್ನು ಸಂಜೆ ಬಂದು ಅಣ್ಣನಿಗೂ ಒಪ್ಪಿಸುತ್ತಾಳೆ.

"ಮತ್ತೆ ನಿಲ್ಲಿಸಿದ್ರಿ," ಎಂದಳು ಅಧಿಕಾರಿಣಿ. ಅವಳ ಕಣ್ಣು ಆ ಚುಕ್ಕೆಯ ಮೇಲಿತ್ತು.

"ಈ ಪೆನ್ನು ಉಗುಳ್ತಾ ಇದೆ," ಎಂದು ಗೋಂದಣ್ಣ ಪೆನ್ನು ಕೊಡವಿದ. ಆಮೇಲೆ ನಿಲ್ಲಲಿಲ್ಲ. ಗಡಿಯಾರ ರಿಪೇರಿ ಕೋಣೆ, ಒಂದು. ಛತ್ರಿ ಇಡುವ ಕೋಣೆ, ಒಂದು. ಮಂತ್ರಿಗಳು ಅಳುವ ಕೋಣೆ, ಐದು. ಅಧ್ಯಕ್ಷರ ನಾಯಿಯ ಮಲಗುವ ಕೋಣೆ, ಏಳು. ಬಾಯಿಗೆ ಬಂದದ್ದನ್ನೆಲ್ಲ ಬರೆದು ಹನ್ನೊಂದು ಮುಗಿಸಿ, ಡ್ರಾಯರಿನಿಂದ ತಾನು ಕೆತ್ತಿದ ರಬ್ಬರು ತೆಗೆದು ಮೊಹರು ಒತ್ತಿದ. ಒದ್ದೆ ಹಾಳೆಯನ್ನು ಅವಳ ಮುಂದೆ ಸರಿಸಿದ.

ಫೈಲಿನವನು ಬಗ್ಗಿ ನೋಡಿದ. ತನ್ನಲ್ಲಿದ್ದ ಹಾಳೆಯ ಪಕ್ಕ ಇಟ್ಟು ಬೆರಳಿನಿಂದ ಸಾಲು ಸಾಲಾಗಿ ಇಳಿದ. ನಾಲ್ಕನೆಯದರ ಮೇಲೆ ಬೆರಳು ನಿಂತಿತು. ಬೆರಳು ಮತ್ತೆ ಇಳಿಯಿತು, ಆರು, ಏಳು, ಎಂಟು. ನಾಯಿಯ ಕೋಣೆಗೆ ಬಂದಾಗ ಆ ಮೂಗನಂಥ ಮನುಷ್ಯ ಫಕ್ಕನೆ ನಕ್ಕುಬಿಟ್ಟ.

ಅಧಿಕಾರಿಣಿ ನಗಲಿಲ್ಲ. "ಮೇಲಿನ ಸಾಲುಗಳು ಹೇಗೆ ಹೊಂದಿದ್ವು?"

"ಯಾವ ಸರ್ಕಾರಿ ಕಟ್ಟಡದಲ್ಲಿ ಸಭಾಂಗಣ, ಗ್ರಂಥಾಲಯ ಇರಲ್ಲ ಮೇಡಂ? ಕ್ಯಾಮೆರಾಗೆ ಕಾಣೋವರೆಗೆ ನೆಟ್ಟಗೆ ಬರೀತೀನಿ. ಕಾಣದ ಕಡೆ ಇಂಥಾ ತರಲೆ ಮಾಡ್ಕೊಂಡು ಹೊತ್ತು ಕಳೀತೀನಿ."

ಅವಳು ಅವನ ಮುಖ ನೋಡಿದಳು. ನಂಬಿದಳೋ, ನಂಬಿದಂತೆ ಇದ್ದರೆ ಸಾಕು ಎಂದುಕೊಂಡಳೋ, ಹೇಳುವುದು ಕಷ್ಟ. ಕೊನೆಗೆ ಎದ್ದು, "ನಿಮ್ಮ ತಂಗಿ ತಂಟೆಗೆ ಹೋಗಲ್ಲ. ಆದ್ರೆ ಸರ್ಕಾರದ ಮೊಹರು ಕೆತ್ತಿದ್ದು ಕೂಡಾ ಅಪರಾಧವೇ. ಇನ್ನು ಯಾವ ಸ್ಟುಡಿಯೋದಲ್ಲೂ ಕಾಗದ ಮುಟ್ಟಲ್ಲ ಅಂತ ಬರೆದು ಸಹಿ ಹಾಕಿ," ಎಂದಳು.

ಗೋಂದಣ್ಣ ಹಾಕಿದ. ತನ್ನದೇ ಕೈಬರಹದಲ್ಲಿ ಬರೆದು ಎಷ್ಟು ಕಾಲವಾಗಿತ್ತೋ, ಅಕ್ಷರ ಸೊಟ್ಟಗೆ ಬಂತು. ನಿರ್ಮಾಪಕ ಅವನ ಕಣ್ಣು ತಪ್ಪಿಸಿ, "ಮನೆಗೆ ಹೋಗಪ್ಪಾ," ಎಂದ. ಮೂವತ್ತು ವರ್ಷಕ್ಕೆ ಅಷ್ಟೇ ಮಾತು.

ಸಂಜೆ ತಂಗಿ ಬಂದಾಗ ಅವನು ಕೈಯ ಗೋಂದನ್ನೆಲ್ಲ ಉಜ್ಜಿ ತೊಳೆದು ಕೂತಿದ್ದ. ಮೊಹರು ಕೆತ್ತಿದ್ದಕ್ಕೆ ಯಾರೋ ಅಧಿಕಾರಿಗಳು ಬಂದು ಕೆಲಸ ಬಿಡಿಸಿದರು ಎಂದಷ್ಟೇ ಹೇಳಿದ. ಅವಳು ಚೀಲವನ್ನು ಎಸೆದಳು.

"ನಾಟಕದ ಮೊಹರಿಗೆ ಇಷ್ಟು ರಾದ್ಧಾಂತನಾ? ಇವರ ಮನೆ ಹಾಳಾಗ! ನಾಳೆ ಊಟದ ಹೊತ್ತಿಗೆ ಎಲ್ಲರಿಗೂ ಹೇಳ್ತೀನಿ ನೋಡು. ಒಬ್ಬೊಬ್ಬರ ಜನ್ಮ ಜಾಲಾಡಿಬಿಡ್ತೀನಿ!"

ಆ ಕೋಣೆಗೆ ನಾಲ್ಕು ಕಿವಿಗಳಿವೆ ಎಂದು ಹೇಳಿಬಿಡಲೇ? ಹೇಳಿದರೆ ಅವಳ ಮುಖ ಏನನ್ನೂ ಮುಚ್ಚಿಡುವುದಿಲ್ಲ. ಹನ್ನೆರಡು ವರ್ಷ ವಟಗುಟ್ಟಿದವಳು ನಾಳೆ ಆ ಕೋಣೆಯಲ್ಲಿ ಬಾಯಿ ಮುಚ್ಚಿ ಕೂತರೆ, ಆ ಮೌನವೂ ಯಾರಿಗೋ ಕೇಳುತ್ತದೆ. ಅದು ಅವಳಿಗೆ ಹೇಗೆ ಗೊತ್ತಾಯಿತು ಎಂದು ಅಧಿಕಾರಿಣಿ ಮತ್ತೆ ಬರುತ್ತಾಳೆ.

"ನಾಳೆಯಿಂದ ಊಟಕ್ಕೆ ಮನೆಗೆ ಬಾ," ಎಂದ.

"ಏನು?"

"ಬಸ್ಸಲ್ಲಿ ಹತ್ತೇ ನಿಮಿಷ. ನಾನು ಹೇಗೂ ಮನೇಲೇ ಇರ್ತೀನಲ್ಲ, ಬಿಸಿಯಾಗಿ ಮಾಡಿಡ್ತೀನಿ. ಅವರಿವರನ್ನ ಬೈಯೋದಿದ್ರೆ ಇಲ್ಲಿ ಬಂದು ಬೈ, ನಾನು ಕೇಳ್ತೀನಿ."

"ಹುಚ್ಚಾ ನಿನಗೆ? ಅಲ್ಲಿ ನಾವು ಐದು ಜನ ಒಟ್ಟಿಗೇ ಊಟ ಮಾಡೋದು. ನಾನಿಲ್ಲ ಅಂದ್ರೆ ಅವರಿಗೆ ಊಟ ಸೇರಲ್ಲ."

ಉಳಿದ ನಾಲ್ವರನ್ನು ಗೋಂದಣ್ಣ ಕಂಡಿರಲಿಲ್ಲ, ಆದರೆ ಅವರ ಮಕ್ಕಳ ಹೆಸರು ಸಹಿತ ಅವನಿಗೆ ಗೊತ್ತಿತ್ತು. ಅವರನ್ನೆಲ್ಲ ಮನೆಗೆ ಕರೆದು ಊಟ ಹಾಕಲು ಅವನಿಂದ ಆಗುತ್ತಿರಲಿಲ್ಲ. ಆ ಸಂಕಟಕ್ಕೆ ಕಣ್ಣಲ್ಲಿ ನೀರು ಬಂದೇಬಿಟ್ಟಿತು. "ಬಾ ಮಾರಾಯ್ತಿ," ಎಂದ. "ನಿನಗೆ ಕೈ ಮುಗೀತೀನಿ."

ಅಣ್ಣ ಅತ್ತದ್ದನ್ನು ಅವಳು ಅಪ್ಪ ಸತ್ತಾಗ ಬಿಟ್ಟರೆ ಕಂಡಿರಲಿಲ್ಲ. ಸಿಟ್ಟೆಲ್ಲ ಇಳಿದು ಪಕ್ಕದಲ್ಲಿ ಕೂತಳು. "ಒಬ್ಬನೇ ಇರೋಕೆ ಅಷ್ಟು ಬೇಜಾರಾಗುತ್ತಾ?"

"ಹೂಂ. ತುಂಬಾ."

"ಸರಿ, ಬರ್ತೀನಿ," ಎಂದು ಅವಳು ಸೆರಗಿನಿಂದ ಅವನ ಮುಖ ಒರೆಸಿದಳು. "ಆದ್ರೆ ಖಾರ ಕಮ್ಮಿ ಹಾಕು."